ಕೂಡಿಸಬಾರದ ನೆರಳು

ಹೋದ ತಿಂಗಳು ಇಬ್ಬರು ಶಿಕಾರಿಪುರದ ನನ್ನ ಶೆಡ್ಡಿಗೆ ಬಂದಿದ್ದರು. ಒಬ್ಬರು ಸೊರಬದಲ್ಲಿ ಹೈಸ್ಕೂಲು ಮೇಷ್ಟ್ರು, ಇನ್ನೊಬ್ಬರದು ಗೊಬ್ಬರದ ಅಂಗಡಿ. ನಾನು ಯಾರದೋ ಗೇಟಿಗೆ ವೆಲ್ಡಿಂಗ್ ಹೊಡೆಯುತ್ತಿದ್ದೆ. ಮುಖದಿಂದ ಕರಿಗಾಜು ಇಳಿಸುವ ತನಕ ಇಬ್ಬರೂ ಸುಮ್ಮನೆ ಆ ಕಡೆ ತಿರುಗಿ ನಿಂತಿದ್ದರು. ಕಿಡಿ ನೋಡಬಾರದು ಅನ್ನುವಷ್ಟು ತಿಳಿವಳಿಕೆ ಇದ್ದವರು.

"ಸಾರ್ ತೀರಿಕೊಂಡು ವರ್ಷ ಆಗ್ತಾ ಬಂತು," ಅಂದರು ಮೇಷ್ಟ್ರು. "ನಾವು ಅವರ ಹತ್ರ ಓದಿದೋರೆಲ್ಲ ಸೇರಿ ಒಂದು ನೆನಪಿನ ಪುಸ್ತಕ ತರ್ತಿದೀವಿ. ನಿಮ್ಮದೂ ಒಂದು ಬರಹ ಬೇಕಿತ್ತು."

"ನಂದಾ? ನಾನು ಅವರ ಶಿಷ್ಯ ಅಲ್ರಿ."

"ಗೊತ್ತು. ಆದ್ರೆ ನರ್ಸರಿ ಕೆಲಸದಲ್ಲಿ ಅವರ ಜೊತೆ ಜಾಸ್ತಿ ಓಡಾಡಿದೋರು ನೀವೇ ಅಂತ ಎಲ್ಲರೂ ಅಂತಾರೆ. ನಾಲ್ಕು ಒಳ್ಳೇ ಮಾತು ಬರ್ಕೊಡ್ರಿ, ಸಾಕು."

"ನಾಲ್ಕಿಲ್ಲ," ಅಂದೆ.

ತಮಾಷೆ ಅಂದುಕೊಂಡು ಇಬ್ಬರೂ ನಕ್ಕರು. ನಾನು ನಗಲಿಲ್ಲ. ಆದರೂ ಬರೆದುಕೊಡುತ್ತೇನೆ ಅಂತ ಒಪ್ಪಿಕೊಂಡೆ. ಒಪ್ಪಿಕೊಂಡ ಕೆಲಸ ಅರ್ಧಕ್ಕೆ ಬಿಟ್ಟವನಲ್ಲ ನಾನು.

ತೀರಿಕೊಂಡವರ ಹೆಸರು ಬರೆಯುವುದಿಲ್ಲ. ಗೊತ್ತಿದ್ದವರಿಗೆ ಗೊತ್ತಾಗುತ್ತದೆ. ಬಹುವಚನದಲ್ಲಿ ಬರೆಯುತ್ತಿದ್ದೇನಲ್ಲ, ಅದು ನನ್ನ ಅವ್ವ ಕಲಿಸಿದ ರೂಢಿ; ಅವರ ಮೇಲಿನ ಗೌರವ ಅಂತ ಯಾರೂ ತಿಳಿಯಬೇಡಿ.

ಹೊರಗಿನ ಯಾವುದೋ ಊರಿನ ಕಾಲೇಜಿನಲ್ಲಿ ಫಿಸಿಕ್ಸ್ ಪಾಠ ಮಾಡಿ, ನಿವೃತ್ತರಾಗಿ ಸೊರಬಕ್ಕೆ ಬಂದು ಕೂತವರು. ಕೂತಿದ್ದರೆ ಚೆನ್ನಾಗಿತ್ತು. ಕೂರಲಿಲ್ಲ. ಅದೇ ಹೊತ್ತಿಗೆ ನಮ್ಮ ಎರಡೂ ತಾಲೂಕಿನಲ್ಲಿ ನರ್ಸರಿಗಳು ಎದ್ದವು. ಸಸಿ ಬೆಳೆಸಲಿಕ್ಕೆ ಪೈಪಿನ ಮನೆ, ಅದರ ಮೇಲೆ ಹಸಿರು ನೆಟ್. ಪೈಪು ಬಗ್ಗಿಸುವುದು, ಬೆಸೆಯುವುದು, ನೆಟ್ ಎಳೆದು ಹೊಲಿಯುವುದು ನನ್ನ ಕೆಲಸ. ಆ ನೆಟ್ಟಿನೊಳಗೆ ಎಷ್ಟು ಬೆಳಕು ಇಳಿಯುತ್ತದೆ ಅಂತ ಅಳೆದು ಹೇಳುವುದು ಅವರ ಕೆಲಸ. ಯಾರೂ ನೇಮಿಸಿದ್ದಲ್ಲ. ತಾವೇ ನೇಮಿಸಿಕೊಂಡರು. ಹಣ ಮುಟ್ಟುತ್ತಿರಲಿಲ್ಲ, ಅದನ್ನೂ ಹೇಳಿಬಿಡುತ್ತೇನೆ. ಹಣ ಮುಟ್ಟದವರನ್ನು ಏನೂ ಅನ್ನುವ ಹಾಗಿಲ್ಲವಲ್ಲ, ಅದೇ ತೊಂದರೆ. ಒಂದೆರಡು ವರ್ಷದಲ್ಲಿ ಹೇಗಾಯಿತೆಂದರೆ ಸೊರಬದ ಕಡೆ ಎಲ್ಲ ನರ್ಸರಿಯವರೂ, "ಸಾರ್ ಬಂದು ಪಾಸ್ ಅನ್ಲಿ, ಆಮೇಲೆ ಮನೆ ಒಪ್ಪಿಸ್ಕೋತೀವಿ" ಅನ್ನತೊಡಗಿದರು.

ಒಂದು ಹಳೇ ಮೊಪೆಡ್ಡು. ಅದರ ಹ್ಯಾಂಡಲಿಗೆ ಟಿಫನ್ ಕ್ಯಾರಿಯರಿನ ಚೀಲ. ಚೀಲದೊಳಗೆ, ಹೆಂಡತಿಯ ಹಳೇ ರವಿಕೆ ಬಟ್ಟೆಯಲ್ಲಿ ಸುತ್ತಿದ ಬೆಳಕಿನ ಮೀಟರು. ಅಂಗೈ ಅಗಲದ ಡಬ್ಬಿ, ಅದರಿಂದ ಹೊರಟ ವೈರಿನ ತುದಿಗೆ ಒಂದು ಬಿಳಿ ಬಿಲ್ಲೆ. ಬಿಲ್ಲೆಯ ಮೇಲೆ ಬೆಳಕು ಬಿದ್ದರೆ ಡಬ್ಬಿಯ ಮೇಲೆ ನಂಬರು ಮೂಡುತ್ತದೆ. ಮೊದಲು ಬಯಲಿಗೆ ಹಿಡಿಯುವುದು, ಆಮೇಲೆ ನೆಟ್ಟಿನೊಳಗೆ ಹಿಡಿಯುವುದು. ಒಳಗಿನದು ಹೊರಗಿನದರಲ್ಲಿ ಎಷ್ಟು ಪಾಲು ಅಂತ ನೋಡುವುದು. ಇಷ್ಟೇ ವಿದ್ಯೆ. ಇಷ್ಟಕ್ಕೆ ಅವರು ನಿಲ್ಲುವ ಠೀವಿ ನೋಡಬೇಕಿತ್ತು. ಉಸಿರು ಹಿಡಿದು, ಕಣ್ಣು ಸಣ್ಣ ಮಾಡಿ, ಎಡಗೈ ಮೇಲೆತ್ತಿ ನಮ್ಮನ್ನೆಲ್ಲ ಸುಮ್ಮನಿರಿಸುತ್ತಿದ್ದರು. ನಾವು ಮಾತಾಡಿದರೆ ಬೆಳಕು ಕಮ್ಮಿ ಆಗುತ್ತದೇನೋ ಅನ್ನುವ ಹಾಗೆ.

ಮೊದಲ ಸಲ ಕಂಡದ್ದು ಅಂಜನಾಪುರದಲ್ಲಿ. ಟೊಮ್ಯಾಟೊ, ಮೆಣಸಿನಗಿಡದ ಸಸಿ ಮಾಡುವವರಿಗೆ ಒಂದು ಮನೆ ಕಟ್ಟಿಕೊಟ್ಟಿದ್ದೆ. ನೆಟ್ ಡ್ರಮ್ಮಿನ ಚರ್ಮದ ಹಾಗೆ ಬಿಗಿಯಾಗಿತ್ತು; ಬೆರಳಲ್ಲಿ ಹೊಡೆದರೆ ಸದ್ದು ಬರುತ್ತಿತ್ತು. ಹಾಗೆ ಕಟ್ಟುವುದು ನನ್ನ ಹೆಮ್ಮೆ. ಅವರು ಒಳಗೆ ಮೂರು ಕಡೆ ಬಿಲ್ಲೆ ಹಿಡಿದರು.

"ಇದು ಎಷ್ಟರ ನೆಟ್ಟು?"

"ಐವತ್ತರದು ಸಾರ್. ಅರ್ಧ ನೆರಳು, ಅರ್ಧ ಬೆಳಕು."

"ಐವತ್ತೆಂಟು ಬಿಡ್ತಿದೆ. ಸುಮ್ನೆ ಎಳೆದು ಎಳೆದು ಕಟ್ಟಿದೀರಿ. ಎಳೆದಷ್ಟೂ ನೆಟ್ಟಿನ ಕಣ್ಣು ಅಗಲ ಆಗುತ್ತೆ, ಬೆಳಕು ಜಾಸ್ತಿ ಇಳಿಯುತ್ತೆ. ಎಷ್ಟು ಓದಿದೀರಿ?"

"ಏಳು."

ಅವರು ತಲೆ ಆಡಿಸಿ ನೋಟ್‌ಬುಕ್ಕಿನಲ್ಲಿ ಬರೆದುಕೊಂಡರು. ಹಿಂದೆ ನಿಂತಿದ್ದ ನನಗೆ ಕಂಡಿತು. ಹೊರಗಿನ ಬೆಳಕು ಇಷ್ಟು, ಒಳಗಿನದು ಇಷ್ಟು. ಅದರ ಕೆಳಗೆ, 'ವೆಲ್ಡರ್: ಏಳನೇ ತರಗತಿ'. ಅದೂ ಒಂದು ಅಳತೆ ಅನ್ನುವ ಹಾಗೆ.

ಏಳಕ್ಕೇ ಯಾಕೆ ಬಿಟ್ಟೆ ಅಂತ ಕೇಳಿದ್ದರೆ ಹೇಳುತ್ತಿದ್ದೆ. ಕೇಳಲಿಲ್ಲ. ಅವತ್ತಿನಿಂದ ನನಗೆ ಅವರ ಬಾಯಲ್ಲಿ ಹೆಸರೇ ಇಲ್ಲ. "ಏಯ್ ಏಳನೇ ಕ್ಲಾಸು, ಏಣಿ ಹಿಡ್ಕೊಳ್ರಿ." "ಏಳನೇ ಕ್ಲಾಸು ಕಟ್ಟಿದ್ದಾ ಇದು? ಹಂಗಾದ್ರೆ ಎರಡು ಸಲ ಅಳೀಬೇಕು." ಜನ ನಗುತ್ತಿದ್ದರು. ಹದಿಮೂರನೇ ವಯಸ್ಸಿನಿಂದ ಕಬ್ಬಿಣ ಹಿಡಿದ ಕೈ ಇದು. ಈ ಕೈ ಬೆಸೆದ ಯಾವ ಜಾಯಿಂಟೂ ಇವತ್ತಿನ ತನಕ ಬಿಟ್ಟಿಲ್ಲ. ಅದನ್ನು ಅಳೆಯಲಿಕ್ಕೆ ಅವರ ಹತ್ತಿರ ಮಷಿನ್ ಇರಲಿಲ್ಲ.

ಕಣ್ಣನ್ನು ಕಂಡರೆ ಅವರಿಗೆ ಆಗುತ್ತಿರಲಿಲ್ಲ. "ಕಣ್ಣಿನಂಥ ಸುಳ್ಳ ಇನ್ನೊಬ್ಬ ಇಲ್ಲ ಕಣ್ರಿ. ನೆರಳಿಗೆ ಹೋದ್ರೆ ನೆರಳಿಗೆ ಒಗ್ಗುತ್ತೆ, ಬಿಸಿಲಿಗೆ ಬಂದ್ರೆ ಬಿಸಿಲಿಗೆ. ಗಿಡ ಹಂಗಲ್ಲ. ಗಿಡಕ್ಕೆ ದಾಕ್ಷಿಣ್ಯ ಇಲ್ಲ." ಇದನ್ನು ನೂರು ಸಲ ಹೇಳಿದ್ದಾರೆ. ಹೋಟೆಲಿನಲ್ಲಿ ಚಹಾ ಬಂದರೆ ಕುಡಿಯುವ ಮುಂಚೆ ಲೋಟ ಎತ್ತಿ ಕಿಟಕಿಗೆ ಹಿಡಿದು, "ನಿನ್ನೇದಕ್ಕಿಂತ ಡಿಕಾಕ್ಷನ್ ಕಮ್ಮಿ" ಅನ್ನುತ್ತಿದ್ದರು. ಒಂದು ಮದುವೆಯಲ್ಲಿ ಊಟಕ್ಕೆ ಕೂತವರು ಎದ್ದು ಹೋಗಿ ಶಾಮಿಯಾನದ ಬಟ್ಟೆಗೆ ಮೀಟರು ಹಿಡಿದು ಬಂದದ್ದನ್ನು ಕಣ್ಣಾರೆ ಕಂಡಿದ್ದೇನೆ. ಎಲೆ ಮೇಲೆ ಪಾಯಸ ಹರಿದು ಹೋಗಿತ್ತು.

ಒಂದೇ ಒಂದು ಸಲ ಅವರ ಬಾಯಿ ಮುಚ್ಚಿಸಿದ್ದೆ. ನನ್ನ ಶೆಡ್ಡಿಗೆ ಬಂದಿದ್ದಾಗ ವೆಲ್ಡಿಂಗಿನ ಕರಿಗಾಜು ಎತ್ತಿಕೊಂಡು ಬಾಗಿಲ ಬೆಳಕಿಗೆ ಹಿಡಿದರು. ಏನೂ ಕಾಣಲಿಲ್ಲ. ಅಂಚಿಗೆ ಒತ್ತಿದ್ದ ನಂಬರು ಓದಿದರು. "ಹನ್ನೊಂದನೇ ನಂಬರ್. ಇದು ಎಷ್ಟು ಬೆಳಕು ಬಿಡುತ್ತೆ ಗೊತ್ತಾ ನಿಮಗೆ?"

"ಕಣ್ಣು ಉಳಿಯೋವಷ್ಟು ಬಿಡುತ್ತೆ ಸಾರ್."

ಎರಡು ಕ್ಷಣ ನನ್ನನ್ನೇ ನೋಡಿದರು. ಆಮೇಲೆ ಗಾಜು ಕೆಳಗಿಟ್ಟು, "ಲಕ್ಷದಲ್ಲಿ ಐದು ಪಾಲು," ಅಂತ ಗೋಡೆಗೆ ಹೇಳಿ ಹೊರಟುಹೋದರು.

ಈಗ ಜಡೆ ಊರಿನ ಸಂಗತಿಗೆ ಬರುತ್ತೇನೆ. ಇದನ್ನು ಹೇಳಲಿಕ್ಕೆಂದೇ ಬರೆಯಲು ಕೂತದ್ದು.

ಜಡೆಯಲ್ಲಿ ಒಬ್ಬ ಅಕ್ಕ ಇದ್ದಾರೆ. ಕಾಳುಮೆಣಸಿನ ಕುಡಿಗಳನ್ನು ಪ್ಯಾಕೆಟ್ಟಿನಲ್ಲಿ ಬೇರು ಬರಿಸಿ ಮಾರುತ್ತಾರೆ. ಮೊದಲು ಅಂಗಳದ ಚಪ್ಪರದ ಕೆಳಗೆ ಸಣ್ಣದಾಗಿ ಮಾಡುತ್ತಿದ್ದರು. ಆ ವರ್ಷ ಧೈರ್ಯ ಮಾಡಿ ದೊಡ್ಡ ನೆಟ್ ಮನೆ ಕಟ್ಟಿಸಿದರು. ಸೊರಬ ತಾಲೂಕಿನಲ್ಲಿ ನನಗೆ ಅದು ಮೊದಲ ದೊಡ್ಡ ಕೆಲಸ. ಇದೊಂದು ಚೆನ್ನಾಗಿ ನಿಂತರೆ ಆ ಕಡೆಯವರೆಲ್ಲ ಕರೆಯುತ್ತಾರೆ; ಕೆಟ್ಟರೆ ಶಿಕಾರಿಪುರದವನಿಗೆ ಸೊರಬದ ಬಾಗಿಲು ಮುಚ್ಚಿದ ಹಾಗೆ. ಅಷ್ಟು ನನಗೆ ಗೊತ್ತಿತ್ತು.

ಹೊಸ ಕುಡಿಗೆ ಮುಕ್ಕಾಲು ನೆರಳು ಬೇಕು. ಅಂದರೆ ಎಪ್ಪತ್ತೈದರ ನೆಟ್ಟು. ಶುಕ್ರವಾರ ಸೊರಬದ ಅಂಗಡಿಗೆ ಹೋದರೆ ಎಪ್ಪತ್ತೈದರದು ಇಲ್ಲ, ಬರಲಿಕ್ಕೆ ಹದಿನೈದು ದಿನ. ಭಾನುವಾರ ಕುಡಿ ಬಂದು ಇಳಿಯುತ್ತದೆ. ಬೇಸಿಗೆ ಆಗಲೇ ಕಾಲಿಟ್ಟಿತ್ತು. ಅಂಗಡಿಯವನು, "ಐವತ್ತರದು ಎರಡು ಸುರುಳಿ ಇದೆ, ಇಪ್ಪತ್ತೈದರದು ಒಂದಿದೆ, ನೋಡ್ರಿ" ಅಂದ. ನಾನು ಐವತ್ತರದೊಂದು, ಇಪ್ಪತ್ತೈದರದೊಂದು ತೆಗೆದುಕೊಂಡೆ. ಒಂದರ ಮೇಲೊಂದು ಎಳೆದರೆ ಆಯಿತಲ್ಲ. ಐವತ್ತಕ್ಕೆ ಇಪ್ಪತ್ತೈದು ಕೂಡಿಸಿದರೆ ಎಪ್ಪತ್ತೈದು. ನೀವಾದರೂ ಹಾಗೇ ಮಾಡುತ್ತಿದ್ದಿರಿ.

ಸುರುಳಿ ಗಾಡಿಗೆ ಹೇರುತ್ತಿದ್ದೆ. ಅವರು ಪೆನ್ನಿನ ರೀಫಿಲ್ ಕೊಳ್ಳಲಿಕ್ಕೆ ಪಕ್ಕದ ಅಂಗಡಿಗೆ ಬಂದವರು ಮೊಪೆಡ್ ನಿಲ್ಲಿಸಿದರು.

"ಏನು ಏಳನೇ ಕ್ಲಾಸು, ಜಡೆಗಾ?"

"ಹೌದು ಸಾರ್. ಎಪ್ಪತ್ತೈದು ಸಿಗಲಿಲ್ಲ, ಇವೆರಡು ಒಂದರ ಮೇಲೊಂದು ಹಾಕ್ತಿದೀನಿ."

"ಎಷ್ಟಾಯ್ತು?"

"ಎಪ್ಪತ್ತೈದು."

ನನ್ನ ಮುಖ ನೋಡಿದರು. ನಕ್ಕರು. ಅವರು ನನ್ನೆದುರು ನಕ್ಕದ್ದು ಅಪರೂಪ, ಹಾಗಾಗಿ ಅದು ನೆನಪಿದೆ. "ಒಳ್ಳೇದಾಗ್ಲಿ, ನಡೀರಿ," ಅಂದರು. ನಾನು ಪೆದ್ದ, ಆಶೀರ್ವಾದ ಅಂದುಕೊಂಡೆ.

ಶನಿವಾರ ನಾನೂ ನನ್ನ ಇಬ್ಬರು ಕೆಲಸದ ಹುಡುಗರೂ ಸೇರಿ ಎರಡೂ ನೆಟ್ ಎಳೆದು, ಅಂಜನಾಪುರದ ಪಾಠ ನೆನಪಿಟ್ಟು ತೀರಾ ಬಿಗಿ ಮಾಡದೆ, ನೈಲಾನ್ ದಾರದಲ್ಲಿ ಹೊಲಿದೆವು. ಭಾನುವಾರ ಕುಡಿ ಇಳಿಯಿತು. ಅಕ್ಕ ಮತ್ತು ಅವರ ಕಡೆಯ ಹೆಂಗಸರು ಒಂದೊಂದೇ ಪ್ಯಾಕೆಟ್ಟಿಗೆ ಊರಿ ಸಾಲಾಗಿ ಮಡಿ ಜೋಡಿಸಿದರು. ಮಂಗಳವಾರ ಸಂಜೆ ಅಕ್ಕನ ಫೋನು. "ವೆಲ್ಡಿಂಗ್ ಅಣ್ಣ, ಪಡುವಣ ಬದಿ ಮಡಿ ಎಂತದೋ ಆಗ್ತಿದೆ. ಎಲೆ ಅಂಚು ಇಸ್ತ್ರಿ ತಾಗಿದಂಗೆ ಆಗ್ಯದೆ. ಒಂದ್ಸಲ ಬಂದು ನೋಡಿ."

ಬುಧವಾರ ಮಧ್ಯಾಹ್ನದ ಹೊತ್ತಿಗೆ ಹೋದೆ. ನನಗಿಂತ ಮೊದಲೇ ಅವರು ಬಂದಿದ್ದರು. ಒಬ್ಬರೇ ಅಲ್ಲ. ಸುತ್ತಲಿನ ನಾಲ್ಕು ಜನ ನರ್ಸರಿಯವರನ್ನು "ಬನ್ನಿ, ಒಂದು ತೋರಿಸ್ತೀನಿ" ಅಂತ ಕರೆದುಕೊಂಡು ಬಂದಿದ್ದರು. ಪಡುವಣ ಮಡಿಯ ಕುಡಿಗಳು ಕಂದಿ, ಕಂದು ಬಣ್ಣಕ್ಕೆ ತಿರುಗಿದ್ದವು.

ಮೀಟರನ್ನು ಚೀಲದಿಂದ ತೆಗೆದಿರಲೇ ಇಲ್ಲ. "ಮೂವತ್ತೇಳೂವರೆ ಪಾಲು ಬೆಳಕು ಒಳಗೆ ಬರ್ತಿದೆ," ಅಂದರು. "ಬರಬೇಕಿದ್ದದ್ದು ಇಪ್ಪತ್ತೈದು. ಒಂದೂವರೆ ಪಟ್ಟು." ಆಮೇಲೆ ಮೀಟರು ತೆಗೆದು ಹಿಡಿದು ಎಲ್ಲರಿಗೂ ತೋರಿಸಿದರು. ಸರಿಯಾಗಿ ಅಷ್ಟೇ ಇತ್ತು.

"ಹೆಂಗೆ ಸಾರ್?" ಅಂತ ಒಬ್ಬರು ಕೇಳಿದರು.

ನನ್ನ ಜೇಬಿನಿಂದ, ನಾನು ಪೈಪಿಗೆ ಗುರುತು ಹಾಕುವ ಸೀಮೆಸುಣ್ಣವನ್ನೇ ಇಸಿದುಕೊಂಡರು. ತಗಡಿನ ಬಾಗಿಲ ಮೇಲೆ ಬರೆದರು. "ನೂರು ಬೆಳಕು ಬಂತು ಅಂತಿಟ್ಕೊಳ್ಳಿ. ಮೇಲಿನ ನೆಟ್ಟು ಅರ್ಧ ತಿಂತು. ಉಳಿದದ್ದು ಐವತ್ತು. ಕೆಳಗಿನ ನೆಟ್ಟಿಗೆ ಸಿಕ್ಕಿದ್ದು ನೂರಾ? ಅಲ್ಲ, ಐವತ್ತು. ಅದು ತಿನ್ನೋದು ಕಾಲು ಪಾಲು. ಯಾವುದರಲ್ಲಿ ಕಾಲು? ಐವತ್ತರಲ್ಲಿ ಕಾಲು. ಹನ್ನೆರಡೂವರೆ. ಉಳೀತು ಮೂವತ್ತೇಳೂವರೆ. ಪ್ರತಿ ಪದರ ತನಗೆ ಸಿಕ್ಕಿದ್ದರಲ್ಲಿ ತನ್ನ ಪಾಲು ತಿನ್ನುತ್ತೆ, ಮೂಲದಲ್ಲಿ ಅಲ್ಲ. ಇದು ಐದನೇ ಕ್ಲಾಸಿನ ಲೆಕ್ಕ. ಏಳು ಓದಿದೋರಿಗೆ ಬರಬೇಕಿತ್ತು." ಎಲ್ಲರೂ ನನ್ನ ಕಡೆ ನೋಡಿದರು. "ಹೇಳಿ ನೋಡೋಣ. ಕೂಡಿಸ್ತೀರೋ, ಗುಣಿಸ್ತೀರೋ?"

ನನಗೆ ಆಗ ನಲವತ್ತೆರಡು. ಮನೆಯಲ್ಲಿ ಬೆಳೆದ ಮಗಳಿದ್ದಳು.

"ಗುಣಿಸ್ತೀನಿ."

"ಜೋರಾಗಿ. ಹಿಂದಿನೋರಿಗೆ ಕೇಳಿಸ್ಲಿಲ್ಲ."

"ಗುಣಿಸ್ತೀನಿ ಸಾರ್."

ಅಲ್ಲಿಗೆ ಬಿಟ್ಟಿದ್ದರೂ ನಾನು ನುಂಗಿಕೊಳ್ಳುತ್ತಿದ್ದೆ. ತಪ್ಪು ನನ್ನದೇ. ಕೆಲಸ ಕಲಿಯುವಾಗ ಉಸ್ತಾದರ ಹತ್ತಿರ ಕಪಾಳಕ್ಕೆ ತಿಂದವನು ನಾನು, ಬೈಸಿಕೊಳ್ಳುವುದು ಹೊಸದಲ್ಲ. ಆದರೆ ಅವರಿಗೆ ಬಾಯಿ ನಿಲ್ಲಲಿಲ್ಲ. ಆ ನಾಲ್ಕು ಜನರ ಕಡೆ ತಿರುಗಿ ಹೇಳಿದರು: "ಶುಕ್ರವಾರ ಇವರು ಸುರುಳಿ ಹೇರ್ತಿದ್ದಾಗಲೇ ನಂಗೆ ಗೊತ್ತಿತ್ತು. ಎಷ್ಟಾಯ್ತು ಅಂತ ಕೇಳಿದೆ ಕೂಡ. ಹೇಳ್ಲಿಲ್ಲ ಬೇಕಂತಲೇ. ಹೇಳಿದ್ರೆ ಮರೀತಾರೆ. ಸುಟ್ಕೊಂಡ್ರೆ ಮರೆಯಲ್ಲ."

ಅಂಗಡಿಯ ಮುಂದೆ ಅವರು ನಕ್ಕ ನಗು ಆಗ ನನಗೆ ಅರ್ಥವಾಯಿತು. ಆ ಅಂಗಡಿಯಲ್ಲಿ ಐವತ್ತರ ಇನ್ನೊಂದು ಸುರುಳಿ ಇತ್ತು. ಐವತ್ತರ ಮೇಲೆ ಐವತ್ತು ಹಾಕಿದ್ದರೆ ಅರ್ಧದಲ್ಲಿ ಅರ್ಧ, ಸರಿಯಾಗಿ ಕಾಲು ಬೆಳಕು, ಮುಕ್ಕಾಲು ನೆರಳು. 'ಇಪ್ಪತ್ತೈದರದು ಬಿಡಿ, ಇನ್ನೊಂದು ಐವತ್ತರದು ತಗೊಳ್ಳಿ' ಅನ್ನುವಷ್ಟು ಹೊತ್ತು ಸಾಕಿತ್ತು.

ಅಕ್ಕ ಸುಮ್ಮನಿರಲಿಲ್ಲ. ಕೈಯಲ್ಲಿ ಸುಟ್ಟ ಕುಡಿ ಹಿಡಿದುಕೊಂಡೇ ಮುಂದೆ ಬಂದರು.

"ಗೊತ್ತಿದ್ದೂ ಸುಮ್ನಿದ್ರಾ ಸಾರ್?"

"ನೋಡಮ್ಮಾ, ಇವರು ಕಲೀಲಿ ಅಂತ..."

"ಇವರು ಕಲಿಯೂಕೆ ನನ್ನ ಕುಡಿ ಎಂತಕ್ಕೆ ಸುಡಬೇಕು? ಇದು ನನ್ನ ಮಡಿ ಸಾರ್. ನಿಮ್ಮ ಕರಿಹಲಗೆ ಅಲ್ಲ."

ಅವರು ರವಿಕೆ ಬಟ್ಟೆಯಲ್ಲಿ ಮೀಟರು ಸುತ್ತಿದರು. ಸುತ್ತುತ್ತಾ, "ಒಂದು ಮಡಿ ಹೋದ್ರೆ ಹತ್ತು ಮನೆ ಉಳಿಯುತ್ತೆ" ಅಂದರು. ಹಾಗೆಂದವರು ಹೊರಟುಹೋದರು. ಬಾಗಿಲ ಮೇಲಿನ ಲೆಕ್ಕ ಹಾಗೇ ಇತ್ತು. ಅದನ್ನು ಅಳಿಸಬೇಕು ಅನ್ನಿಸಿತು, ಅಳಿಸಲಿಲ್ಲ. ಸರಿ ಇದ್ದ ಲೆಕ್ಕ ಅಳಿಸಲಿಕ್ಕೆ ಕೈ ಬರಲಿಲ್ಲ.

ಅವತ್ತೇ ಸೊರಬಕ್ಕೆ ಹೋಗಿ ಆ ಇನ್ನೊಂದು ಸುರುಳಿ ತಂದು, ಇಪ್ಪತ್ತೈದರದನ್ನು ಕಿತ್ತು, ಸೂರ್ಯ ಮುಳುಗುವುದರೊಳಗೆ ಹೊಲಿದು ಮುಗಿಸಿದೆ. ಸುಟ್ಟ ಮಡಿಗೆ ನಾನೇ ಕುಡಿ ಹುಡುಕಿ ತಂದು ಇಳಿಸಿದೆ. ಅಕ್ಕ ಬೇಡ ಅಂದರೂ ಕೇಳಲಿಲ್ಲ. ಆದರೆ ಆ ನಾಲ್ಕು ಜನರ ಬಾಯಿಗೆ ನೆಟ್ ಕಟ್ಟಲಿಕ್ಕಾಗುತ್ತದೆಯೇ? 'ಕೂಡಿಸೋ ವೆಲ್ಡರ್' ಅಂತ ಹೆಸರು ಬಿತ್ತು. ಒಂದು ವರ್ಷ ಸೊರಬದ ಕಡೆಯಿಂದ ಒಂದು ಗೇಟಿನ ಕೆಲಸವೂ ಬರಲಿಲ್ಲ. ಬಸ್ಸಿನಲ್ಲಿ ಯಾರೋ ಗುರುತಿಲ್ಲದವರು, "ನೀವೇ ಅಲ್ವೇನ್ರಿ, ಎರಡು ನೆಟ್ಟಿನೋರು?" ಅಂತ ಕೇಳಿದ್ದಾರೆ.

ಆ ಸಾರ್ ಮನೆಯೊಳಗೆ ಒಂದೇ ಸಲ ಹೋದದ್ದು. ಅವರ ಹೆಂಡತಿ ಅಡುಗೆಮನೆ ಕಿಟಕಿಗೆ ಗ್ರಿಲ್ ಬೇಕು ಅಂತ ಯಾರ ಕೈಲೋ ಹೇಳಿ ಕಳಿಸಿದ್ದರು. ಯಾರ ಮನೆ ಅಂತ ಬಾಗಿಲಿಗೆ ಹೋದ ಮೇಲೆ ಗೊತ್ತಾಯಿತು. ತಿರುಗಿ ಹೋಗುವುದು ನನ್ನ ಜಾಯಮಾನವಲ್ಲ, ಅಳತೆ ತೆಗೆದುಕೊಳ್ಳಲಿಕ್ಕೆ ಒಳಗೆ ಹೋದೆ. ಕಿಟಕಿಯ ಕಟ್ಟೆ ಮೇಲೆ ಗಾಜಿನ ಬಾಟ್ಲಿಗಳು ಒಂದರ ಹಿಂದೊಂದು, ಎಲ್ಲದರಲ್ಲೂ ಒಂದೇ ಹದದ ಚಹಾ ಡಿಕಾಕ್ಷನ್ನು. ಒಂದು ತುದಿಗೆ ಟಾರ್ಚು, ಇನ್ನೊಂದು ತುದಿಗೆ ಆ ಬಿಳಿ ಬಿಲ್ಲೆ.

"ಇವರ ಬೆಳಕಿನಿಂದಾಗಿ ನಂಗೆ ಒಲೆ ಹತ್ರ ಬೆಳಕಿಲ್ಲ," ಅಂದರು ಆಕೆ. ಗಂಡನಿಗೆ ಕೇಳಿಸಲಿ ಅಂತಲೇ ಹೇಳಿದ ಹಾಗಿತ್ತು.

ಎಷ್ಟು ಸಿಟ್ಟಿದ್ದರೂ ಕುತೂಹಲ ಅನ್ನುವುದು ಒಂದು ಕೆಟ್ಟ ಚಾಳಿ. ಕೇಳಿಯೇಬಿಟ್ಟೆ. "ಎಷ್ಟು ಬಾಟ್ಲಿ ಇಟ್ರೆ ಪೂರ್ತಿ ಕತ್ತಲಾಗುತ್ತೆ ಸಾರ್?"

"ಲೆಕ್ಕದ ಪ್ರಕಾರ ಎಂದೂ ಆಗಲ್ಲ. ಕಮ್ಮಿ ಆಗ್ತಾ ಹೋಗುತ್ತೆ. ಸೊನ್ನೆ ಆಗಲ್ಲ," ಅಂದರು. ತಲೆ ಎತ್ತದೆ ಮತ್ತೆ ಹೇಳಿದರು, "ಗ್ರಿಲ್ಲಿನ ಸರಳು ಸಪೂರ ಇರ್ಲಿ. ಬೆಳಕು ತಿನ್ನಬಾರದು."

ಸಪೂರವೇ ಮಾಡಿ ಹೊರಗಿನಿಂದ ಕೂರಿಸಿದೆ. ಇವತ್ತಿಗೂ ಗಟ್ಟಿ ಇದೆ.

ಜಡೆಯ ಅಕ್ಕ ಮಾತ್ರ ನನ್ನನ್ನು ಬಿಡಲಿಲ್ಲ. ಕೆಲವು ವರ್ಷ ಕಳೆದ ಮೇಲೆ ಎರಡನೇ ನೆಟ್ ಮನೆ ಕಟ್ಟಿಸುವಾಗ ನನ್ನನ್ನೇ ಕರೆದರು. "ನಿಮಗೆ ಈಗ ಗುಣಿಸೂಕೆ ಬರ್ತದಲ್ಲ, ಅಷ್ಟು ಸಾಕು ಮಾರಾಯ್ರೆ," ಅಂತ ನಕ್ಕರು. ಅವರು ನಕ್ಕರೆ ಉರಿಯುವುದಿಲ್ಲ. ಈ ಸಲವೂ ಐವತ್ತರ ಮೇಲೆ ಐವತ್ತು ಹಾಕಿದೆ. ಕುಡಿ ಕೊಳ್ಳುವವರು ಸಾರ್ ಪಾಸ್ ಮಾಡಿದ್ದಾರಾ ಅಂತ ಕೇಳುತ್ತಾರೆ ಅಂತ ಅಕ್ಕ ಒಲ್ಲದ ಮನಸ್ಸಿನಿಂದಲೇ ಅವರಿಗೂ ಹೇಳಿ ಕಳಿಸಿದರು. ಬಂದರು. ಈ ಸಲ ಮೊಪೆಡ್ ಇಲ್ಲ, ಆಟೋದಲ್ಲಿ. ಹಿಂದೆ ಐದಾರು ಜನ ನರ್ಸರಿಯವರು, ಅವರಲ್ಲಿ ಇಬ್ಬರು ಅವತ್ತಿನವರೇ.

ಇಳಿಯುವಾಗ ಕಾಲಿನಿಂದ ನೆಲ ತಡಕಿದರು. ಅದು ನನಗೆ ಕಂಡಿತು. ನನ್ನ ಕಣ್ಣು ಎಷ್ಟು ಸುಳ್ಳ ಆದರೂ ಅಂಥದ್ದು ತಪ್ಪುವುದಿಲ್ಲ.

ಜನರೆಲ್ಲ ನೆಟ್ಟಿನೊಳಗೆ ನೆರಳಿಗೆ ಹೋದರು. ಅವರು ಬಯಲಿನಲ್ಲಿ ಬಿಲ್ಲೆ ಹಿಡಿದು, ಡಬ್ಬಿಯನ್ನು ಮುಖದ ಹತ್ತಿರ ತಂದು, ದೂರ ಮಾಡಿ, ಮತ್ತೆ ಹತ್ತಿರ ತಂದರು. ನಾನು ಹಿಂದೆ ನಿಂತಿದ್ದೆ. ಡಬ್ಬಿಯ ಮೇಲೆ ಎಂಟುನೂರ ಹನ್ನೆರಡು ಅಂತ ಇತ್ತು. ಅವರು ನೋಟ್‌ಬುಕ್ಕಿನಲ್ಲಿ ಬರೆದದ್ದು ಮುನ್ನೂರ ಹನ್ನೆರಡು. ಎಂಟು ಅವರಿಗೆ ಮೂರಾಗಿ ಕಂಡಿತ್ತು. ಕಣ್ಣಿಗೆ ಪೊರೆ ಬಂದಿತ್ತು, ಮಂದವಾಗಿ, ಹಾಲು ತೆಳ್ಳಗೆ ಸವರಿದ ಹಾಗೆ. ಆಮೇಲೆ ಒಳಗೆ ಬಾಗಿಲ ಹತ್ತಿರವೇ ಹಿಡಿದರು. ಇನ್ನೂರ ಮೂರು. ಅದನ್ನು ಸರಿಯಾಗಿಯೇ ಓದಿದರು.

ಇನ್ನೂರ ಮೂರು, ಎಂಟುನೂರ ಹನ್ನೆರಡರಲ್ಲಿ ಸರಿಯಾಗಿ ಕಾಲು. ನನ್ನ ಕೆಲಸ ಕೂದಲೆಳೆಯಷ್ಟೂ ತಪ್ಪಿರಲಿಲ್ಲ. ಆದರೆ ಅವರು ಬರೆದುಕೊಂಡ ಮುನ್ನೂರ ಹನ್ನೆರಡರ ಲೆಕ್ಕದಲ್ಲಿ ಹತ್ತಿರ ಹತ್ತಿರ ಮೂರರಲ್ಲಿ ಎರಡು ಪಾಲು ಬೆಳಕು ಒಳಗೆ ಬರುತ್ತಿತ್ತು. ನೋಟ್‌ಬುಕ್ಕಿನಲ್ಲಿ ಭಾಗಿಸಿದರು. ಹುಬ್ಬು ಏರಿತು. ನನ್ನ ಕಡೆ ತಿರುಗಿ, "ಮತ್ತೆ ಏನೋ ಕೂಡಿಸಿದೀರಿ ಏಳನೇ ಕ್ಲಾಸು," ಅಂದರು. ಒಳಗಿರುವ ಜನರನ್ನು ಕರೆಯಲಿಕ್ಕೆ ಎಡಗೈ ಎತ್ತಿದರು.

ಆ ಕೈ ಮೇಲೆ ಹೋಗಿ ನಿಲ್ಲುವಷ್ಟರಲ್ಲಿ ನಾನು ಏನೆಲ್ಲ ಯೋಚಿಸಿದೆ ಅಂತ ಬರೆದರೆ ನೀವು ನಂಬುವುದಿಲ್ಲ. ಸುಮ್ಮನಿದ್ದರೆ ಸಾಕಿತ್ತು. ಅವರು ಎಲ್ಲರೆದುರು ನನ್ನ ಮಾನ ಕಳೆಯುತ್ತಿದ್ದರು; ಆಮೇಲೆ ನಾನು ಯಾರಾದರೊಬ್ಬರ ಕೈಯಲ್ಲಿ ಮೀಟರು ಕೊಟ್ಟು ಓದಿಸಿದರೆ ಮುಗಿಯಿತು. ಇಷ್ಟು ವರ್ಷದ ಸಾರ್‌ಗಿರಿ ಒಂದೇ ನಿಮಿಷಕ್ಕೆ ಮಗುಚುತ್ತಿತ್ತು. ಹೇಳಿದರೆ ಮರೆಯುತ್ತಾರೆ, ಸುಟ್ಟುಕೊಂಡರೆ ಮರೆಯುವುದಿಲ್ಲ. ಅವರದೇ ಮಾತು, ಅವರಿಗೇ ವಾಪಸ್ಸು.

ಹತ್ತಿರ ಹೋಗಿ, ಅವರಿಗೆ ಮಾತ್ರ ಕೇಳುವ ಹಾಗೆ ಹೇಳಿದೆ. "ಸಾರ್, ಈ ಬಿಸಿಲಿಗೆ ಮುನ್ನೂರ ಹನ್ನೆರಡಾ?"

ಎತ್ತಿದ ಕೈ ಅಲ್ಲೇ ನಿಂತಿತು. ಮುಖ ಮೇಲೆ ಮಾಡಿದರು. ನೋಡಲಿಕ್ಕಲ್ಲ, ಹಣೆ ಮೇಲೆ ಬಿಸಿಲು ತೆಗೆದುಕೊಳ್ಳಲಿಕ್ಕೆ. ನೆತ್ತಿ ಸುಡುವ ಬಿಸಿಲು. ಮತ್ತೆ ಬಯಲಿಗೆ ನಡೆದರು. ನಾನೂ ಹಿಂದೆ ಹೋದೆ. ಬಿಲ್ಲೆ ತಾವು ಹಿಡಿದು, ಡಬ್ಬಿಯನ್ನು ನನ್ನ ಕಡೆ ಚಾಚಿದರು.

"ಓದಿ ನೋಡೋಣ. ಏಳನೇ ಕ್ಲಾಸಿಗೆ ಅಂಕಿ ಕಲಿಸಿರ್ತಾರಲ್ಲ."

"ಎಂಟುನೂರ ಹನ್ನೆರಡು."

"ಹ್ಞೂಂ."

ಮುನ್ನೂರನ್ನು ಹೊಡೆದು ಹಾಕಿ ಎಂಟುನೂರು ಮಾಡಿದರು. ಒಳಗೆ ಹೋಗಿ, "ಕಾಲು ಭಾಗ. ಪಾಸ್," ಅಂತ ಎಲ್ಲರಿಗೂ ಕೇಳುವ ಹಾಗೆ ಹೇಳಿದರು. ಯಾರು ಓದಿದ್ದು ಅಂತ ಹೇ‌ಳಲಿಲ್ಲ. ಆಟೋ ಹತ್ತುವಾಗ ನನ್ನ ಮುಖ ನೋಡಲಿಲ್ಲ. ವಾರ ಕಳೆದ ಮೇಲೆ ಅವರು ಹೋಟೆಲಿನಲ್ಲಿ ಆಡಿದ ಮಾತು ನನ್ನ ಕಿವಿಗೆ ಬಿತ್ತು: "ಆ ವೆಲ್ಡರ್‌ಗೆ ಕಣ್ಣು ಚೆನ್ನಾಗಿದೆ. ತಲೆ ಇದ್ದಿದ್ರೆ ಎಲ್ಲೋ ಇರ್ತಿದ್ದ." ಬಹುವಚನವೂ ಹೋಗಿತ್ತು.

ನಾನು ಅವತ್ತು ಹೇಳಿದ್ದು ಪ್ರೀತಿಯಿಂದಲ್ಲ, ಕನಿಕರದಿಂದಲೂ ಅಲ್ಲ. ಗೊತ್ತಿದ್ದವನು ಗೊತ್ತಿಲ್ಲದವನಿಗೆ ಹೇಗೆ ಹೇಳಬೇಕು ಅಂತ ಒಂದು ಸಲ ತೋರಿಸಬೇಕಿತ್ತು. ತೋರಿಸಿದೆ. ಅವರಿಗೆ ಅದು ತಿಳಿಯಿತು ಅಂತಲೂ ಬಲ್ಲೆ, ಯಾಕೆಂದರೆ ಆಮೇಲೆ ಅವರು ಯಾರ ನೆಟ್ಟನ್ನೂ ಅಳೆಯಲಿಕ್ಕೆ ಹೋಗಲಿಲ್ಲ. ಕಣ್ಣಿನ ಆಪರೇಷನ್ ಮಾಡಿಸಿಕೊಂಡರಂತೆ, ಕರಿ ಕನ್ನಡಕ ಹಾಕಿಕೊಂಡು ಮನೆ ಮುಂದೆ ಕೂತಿರುತ್ತಿದ್ದರಂತೆ. ಕಂಡವರು ಹೇಳಿದ್ದು. ನಾನು ನೋಡಲಿಕ್ಕೆ ಹೋಗಲಿಲ್ಲ. ಮಣ್ಣಿಗೂ ಹೋಗಲಿಲ್ಲ.

ಇಷ್ಟು ಬರೆದ ಮೇಲೆ ಜಡೆಗೆ ಫೋನ್ ಮಾಡಿ ಅಕ್ಕನಿಗೆ ಓದಿ ಹೇಳಿದೆ. "ಸತ್ತೋರ ಬಗ್ಗೆ ಹಿಂಗೆ ಬರೆದ್ರೆ ಹೆಂಗೆ ಅಕ್ಕಾರೆ?" ಅಂತ ಕೇಳಿದೆ.

"ಅವರು ಹೇಳಿದ ಲೆಕ್ಕ ಬರದೀರಲ್ಲ?"

"ಬರದೀನಿ."

"ನನ್ನ ಕುಡಿ ಸುಟ್ಟಿದ್ದೂ ಇದ್ಯಲ್ಲ?"

"ಇದೆ."

"ಮತ್ತೆಂತ. ಎರಡೂ ಇರ್ಲಿ."

ಮೇಷ್ಟ್ರೇ, ಇಷ್ಟುದ್ದದ್ದನ್ನು ನೀವು ಪುಸ್ತಕಕ್ಕೆ ಹಾಕುವುದಿಲ್ಲ ಅಂತ ನನಗೂ ಗೊತ್ತು. ಜಾಗ ಇಲ್ಲ ಅನ್ನುತ್ತೀರಿ. ಹಾಗಾದರೆ ಈ ಎರಡು ವಾಕ್ಯ ಹಾಕಿ, ಕೆಳಗೆ ನನ್ನ ಹೆಸರು, ಅದರ ಮುಂದೆ 'ಏಳನೇ ತರಗತಿ' ಅಂತಲೂ ಹಾಕಿ.

ನೆರಳನ್ನು ಕೂಡಿಸಬಾರದು, ಉಳಿದ ಬೆಳಕನ್ನು ಗುಣಿಸಬೇಕು ಅಂತ ನನಗೆ ಕಲಿಸಿದವರು ಅವರು. ಒಂದು ಮಾತಿನಲ್ಲಿ ಹೇಳಿಬಿಡಬಹುದಾಗಿದ್ದ ಅದನ್ನು, ಒಬ್ಬ ಹೆಂಗಸಿನ ಒಂದು ಮಡಿ ಸುಡಲು ಬಿಟ್ಟು ಕಲಿಸಿದರು.

ಎರಡನೇದನ್ನು ತೆಗೆಯುವುದಾದರೆ ಮೊದಲನೇದನ್ನೂ ತೆಗೆಯಿರಿ.